ಖುಜಂದಿನ ಅಂಗಳದಲ್ಲಿ ನೀರು

ತೆಲಂಗಾಣ ಚಳವಳಿಯ ಬಂದ್‌ಗಳಿಂದ ತಾಂಡೂರಿನ ನಮ್ಮ ಕಲ್ಲಿನ ಪಾಲಿಶ್ ಕಾರ್ಖಾನೆ ಪದೇಪದೇ ಮುಚ್ಚುತ್ತಿದ್ದ ಕಾಲ. ಸಿಕ್ಕ ಬಿಡುವಿನಲ್ಲಿ ನಾನೂ ಹೆಂಡತಿಯೂ ತಾಷ್ಕೆಂಟಿನಲ್ಲಿದ್ದ ಮಗಳ ಮನೆಗೆ ಹೋದೆವು. ಅಲ್ಲಿಂದ ಒಂದು ದಿನ ಗೈಡ್ ಒಬ್ಬಳ ಜೊತೆ ಗಡಿ ದಾಟಿ, ತಜಿಕಿಸ್ತಾನದ ಹಳೆಯ ಊರು ಖುಜಂದ್ ನೋಡಲು ಹೊರಟೆವು.

ಮಸೀದಿಯ ಅಂಗಳದಲ್ಲಿ ಗೈಡ್ ಗುಮ್ಮಟ ತೋರಿಸುತ್ತಿದ್ದಳು. ನನ್ನ ಕಣ್ಣು ಮಾತ್ರ ನೆಲದ ಕಲ್ಲಿನ ಮೇಲೆ. ನೀರು ಹಾಕಿ ನೋಡದೆ ಕಲ್ಲಿನ ಬಣ್ಣವನ್ನು ತಾಂಡೂರಿನವರು ನಂಬುವುದಿಲ್ಲ. ಕುಕ್ಕರಗಾಲಿನಲ್ಲಿ ಕೂತು, ಬಾಟಲಿಯ ನೀರು ಸುರಿದು ಅಂಗೈಯಿಂದ ಉಜ್ಜಿದೆ.

"ಇಲ್ಲಿಗಿ ಬಂದ್ರೂ ಕಲ್ಲು ಬಿಡಂಗಿಲ್ಲೇನ್ರಿ ನೀವು?" ಹೆಂಡತಿ ಗೊಣಗಿದಳು.

ಕಟ್ಟೆಯ ಮೇಲಿದ್ದ ಮುದುಕರೊಬ್ಬರು ನನ್ನನ್ನು ನೋಡಿ ಎದ್ದು ಒಳಗೆ ಹೋದರು. ಬೈಯಲು ಯಾರನ್ನೋ ಕರೆತರುತ್ತಾರೆ ಅಂದುಕೊಂಡೆ. ಅವರು ತಂದದ್ದು ಬಿಸಿನೀರಿನ ಹೂಜಿ, ಹೆಗಲ ಮೇಲೊಂದು ಟವೆಲ್. ಚಳಿಯಲ್ಲಿ ತಣ್ಣೀರಿನಿಂದ ನಾನು ಕೈ ತೊಳೆಯುತ್ತಿದ್ದೇನೆ ಎಂದು ತಿಳಿದಿದ್ದರು. ಬಾಟಲಿ ಬದಿಗಿಟ್ಟು ಕೈ ಚಾಚಿದೆ. ಕಲ್ಲಿನ ಧೂಳೆಲ್ಲ ಹೋಗುವವರೆಗೆ ನಿಧಾನವಾಗಿ ನೀರು ಹೊಯ್ದರು, ತಾವೇ ಕೈ ಒರೆಸಿದರು.

ಈಗ ನಮ್ಮ ಕಾರ್ಖಾನೆಗೆ ಯಾರೇ ಬರಲಿ, ಮೊದಲು ಅವರ ಕೈಗೆ ನೀರು ಹಾಕುತ್ತೇನೆ, ಆಮೇಲೆ ಕಲ್ಲಿಗೆ.