ಸ್ವೀಡನ್ನಿನ ಪೋಷಕ ನಟ ಮತ್ತು ನಮ್ಮ ಕಾಕಾ

ಇದರಲ್ಲಿ ಕೆಲವು ವಿವರ ತಪ್ಪಿರಬಹುದು. ಆ ನಟನಿಗೆ ಯಾವ ಸಿನಿಮಾದಲ್ಲಿ ಗಡ್ಡವಿತ್ತು, ಯಾವುದರಲ್ಲಿ ಇರಲಿಲ್ಲ ಎಂಬುದು ಈಗ ಕಲಸಿಹೋಗಿದೆ.

ಧಾರವಾಡದಲ್ಲಿ ಎಂ.ಎ. ಓದುತ್ತಿದ್ದಾಗ ಗೆಳತಿಯೊಬ್ಬಳಿಂದ ಸ್ವೀಡನ್ನಿನ ಐವತ್ತರ ದಶಕದಿಂದೀಚಿನ ಹಳೆಯ ಸಿನಿಮಾಗಳ ಸಿ.ಡಿ.ಗಳನ್ನು ತಂದು, ರಜೆಯಲ್ಲಿ ಬನಹಟ್ಟಿಯ ಮನೆಯಲ್ಲಿ ಹಚ್ಚುತ್ತಿದ್ದೆ. ಜೊತೆಗೆ ಕೂರುತ್ತಿದ್ದವರು ಅಪ್ಪನ ತಮ್ಮ, ಕಾಕಾ. ಪಡಸಾಲೆಯಲ್ಲಿ ವಿದ್ಯುತ್ ಮಗ್ಗಗಳು. ಕರೆಂಟ್ ಇದ್ದರೆ ಮಗ್ಗದ ಸದ್ದು, ಹೋದರೆ ಟೀವಿಯೂ ಬಂದ್. ಹೀಗಾಗಿ ಒಂದು ಸಿನಿಮಾದ ಮಾತೂ ಕಿವಿಗೆ ಬೀಳಲಿಲ್ಲ. ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ನಾನು ಓದಿಕೊಳ್ಳುತ್ತಿದ್ದೆ. ಕಾಕಾ ಅದನ್ನೂ ಓದುತ್ತಿರಲಿಲ್ಲ, ನಾಯಕಿಯನ್ನೂ ನೋಡುತ್ತಿರಲಿಲ್ಲ.

"ಬಂದಾ ನೋಡಬೇ ನಮ್ಮಾಂವ!" ಎಂದು ಒಮ್ಮೆಲೇ ಚೀರುತ್ತಿದ್ದರು.

ಅವರ 'ನಮ್ಮಾಂವ' ಒಬ್ಬ ಪೋಷಕ ನಟ. ಒಂದರಲ್ಲಿ ಅಂಚೆಯವನು, ಇನ್ನೊಂದರಲ್ಲಿ ಪಾದ್ರಿ, ಮತ್ತೊಂದರಲ್ಲಿ ಸಾರೋಟು ಹೊಡೆಯುವವನು. ಟೊಪ್ಪಿಗೆ ತೆಗೆಯುವ ರೀತಿಯಿಂದಲೇ ಕಾಕಾ ಅವನನ್ನು ಹಿಡಿಯುತ್ತಿದ್ದರು. ಹರೆಯದಲ್ಲಿ ಅವರೂ ಕಂಪನಿ ನಾಟಕದಲ್ಲಿ ಪೊಲೀಸ್ ಫೌಜದಾರನ ಸಣ್ಣ ಪಾತ್ರ ಮಾಡಿದವರು. ನನಗೆ ಕುತೂಹಲ ಹುಟ್ಟಿತು. ಆ ನಟನ ಸಿನಿಮಾಗಳನ್ನು ವರ್ಷದ ಪ್ರಕಾರ ಜೋಡಿಸಿ ಹಚ್ಚತೊಡಗಿದೆ. ಮೊದಮೊದಲು ಅವನ ಮಾತು ಹೆಚ್ಚುತ್ತ ಹೋಯಿತು, ಕೂದಲು ಕಡಿಮೆಯಾಯಿತು. ಆಮೇಲೆ ಮಾತೂ ಕಡಿಮೆಯಾಯಿತು.

ಅದೇ ರಜೆಯಲ್ಲಿ ಜಮಖಂಡಿಗೆ ನಾಟಕ ಕಂಪನಿಯೊಂದು ಬಂತು. ಅದರ ಮಾಲಕರು ಕಾಕಾನ ಹಳೆಯ ಗೆಳೆಯರು. ಫೌಜದಾರನ ಪಾತ್ರಕ್ಕೆ ನೀನೇ ಬರಬೇಕು ಎಂದು ಹೇಳಿಕಳಿಸಿದರು. ಕಾಕಾ ಮೀಸೆಗೆ ಕಪ್ಪು ಹಚ್ಚಿಕೊಂಡರು. ಅವರ ಹೆಂಡತಿ, ನಮ್ಮ ಕಾಕು, ಅಣಕಿಸದೆ ಬಿಡಲಿಲ್ಲ.

"ಈ ಹೊಟ್ಟಿಗೆ ಬೆಲ್ಟ್ ಎಲ್ಲಿಂದ ತರ್ತೀರಿ? ಮಗ್ಗದ ಪಟ್ಟಾ ಬಿಚ್ಚಿ ಕಟ್ಕೋರಿ!"

"ಹೊಟ್ಟಿ ಇಲ್ಲದಾಂವ ಎಂಥಾ ಫೌಜದಾರಲೇ?"

ಮರುದಿನ ಕಂಪನಿಗೆ ಉತ್ತರ ಕೊಡಬೇಕಿತ್ತು. ಆ ಸಂಜೆ ನಾನು ಹಚ್ಚಿದ್ದು, ನನ್ನ ಬಳಿ ಇದ್ದವುಗಳಲ್ಲಿ ಆ ನಟನ ಕೊನೆಯ ಸಿನಿಮಾ. ಕಾಕಾ ಕಾದರು. ಬಹಳ ಹೊತ್ತಾದ ಮೇಲೆ ಒಬ್ಬ ಮುದುಕ, ಅವನೇ, ಬಾಗಿಲು ತೆರೆದ, ನಾಯಕ ಒಳಗೆ ಹೋದ, ಬಾಗಿಲು ಮುಚ್ಚಿತು.

ಕಾಕಾ ನನ್ನ ಕಿವಿಯ ಹತ್ತಿರ ಬಂದು ಕೇಳಿದರು: "ಇಷ್ಟನ?"

"ಇಷ್ಟರೀ ಕಾಕಾ."

ಸಿನಿಮಾ ಮುಗಿಯುವವರೆಗೂ ಅವರು ಏಳಲಿಲ್ಲ. ಮುದುಕ ಮತ್ತೆ ಬರಲಿಲ್ಲ. ಬೆಳಿಗ್ಗೆ ಕಂಪನಿಗೆ ಫೋನು ಮಾಡಿ "ನನ್ನ ಕಡಿಂದ ಆಗೂದಿಲ್ಲಪಾ" ಎಂದವರೇ ಮಗ್ಗ ಚಾಲೂ ಮಾಡಿದರು.

ಮೊಣಕಾಲು ನೋವಿತ್ತು, ಅದಕ್ಕೇ ಹೋಗಲಿಲ್ಲ ಎನ್ನುತ್ತಾರೆ ಕಾಕು. ನೋವಿದ್ದುದು ನಿಜ. ಸಿನಿಮಾ ಒಂದು ಕಡೆ, ಫೋನು ಒಂದು ಕಡೆ ಇದ್ದುದನ್ನು ನಾನೇ ಆಮೇಲೆ ಜೋಡಿಸಿಕೊಂಡಿರಬಹುದು. ಹೋದ ಸಲ ಊರಿಗೆ ಹೋದಾಗ ಕೇಳಿಯೇಬಿಟ್ಟೆ.

"ಕಾಕಾ, ಆ ಮುದುಕ ಬಾಗಲಾ ತಗದಿದ್ದು ನೋಡೇ ನೀವು ಒಲ್ಲೆ ಅಂದ್ರೇನ್ರಿ?"