ಚಿಕ್ಕಮ್ಮನಿಗೆ ಓದಿ ಹೇಳಿದ ಕುದುರೆ ಪುಸ್ತಕ

ಅರವತ್ತರ ದಶಕ ಮುಗಿಯುತ್ತಿದ್ದ ಕಾಲ. ಎಸ್ಸೆಸ್ಸೆಲ್ಸಿಯಲ್ಲಿ ನಾನು ಇಂಗ್ಲಿಷಿಗೆ ಡುಮ್ಕಿ ಹೊಡೆದ ಆ ವರ್ಷ ಹೊಸಕೋಟೆಯ ನಮ್ಮ ಮನೆಯಲ್ಲಿ ಎರಡು ಚಿಂತೆಗಳಿದ್ದವು. ಒಂದು ನಾನು. ಇನ್ನೊಂದು, ಸೂಲಿಬೆಲೆ ಕಡೆ ಹೊಲದ ಮನೆಯಲ್ಲಿದ್ದ ಚಿಕ್ಕಮ್ಮ, ಅಮ್ಮನ ಕೊನೆಯ ತಂಗಿ. ಅವಳಿಗೆ ತಲೆ ಕೆಟ್ಟಿದೆ ಎಂದು ಸಂತೆಗೆ ಬಂದ ಯಾರೋ ಅಮ್ಮನ ಕಿವಿಗೆ ಹಾಕಿ ಹೋಗಿದ್ದರು.

ಅಪ್ಪ ಬೆಂಗಳೂರಿನ ಕಾರ್ಖಾನೆಯೊಂದರಲ್ಲಿ ಗುಮಾಸ್ತರು. ಎರಡು ಕೆಲಸವನ್ನು ಒಂದೇ ಕಾಗದದಲ್ಲಿ ಮುಗಿಸುವ ಅಭ್ಯಾಸ ಅವರಿಗೆ. ಸೆಪ್ಟೆಂಬರಿನ ಪರೀಕ್ಷೆಯವರೆಗೆ ನನ್ನನ್ನು ಚಿಕ್ಕಮ್ಮನ ಮನೆಗೆ ಕಳಿಸಿದರೆ ಅವಳಿಗೆ ಜೊತೆಯೂ ಆಯಿತು, ನನ್ನ ಓದೂ ಆಯಿತು ಎಂದು ತೀರ್ಮಾನಿಸಿದರು. ಇಂಗ್ಲಿಷ್ ಬರಬೇಕಾದರೆ ಇಂಗ್ಲಿಷ್ ಪುಸ್ತಕ ಓದಬೇಕು, ಯಾವುದಾದರೇನು ಎನ್ನುವುದು ಅವರ ಸಿದ್ಧಾಂತ. ಮೆಜೆಸ್ಟಿಕ್ಕಿನ ಫುಟ್‌ಪಾತಿನಿಂದ ಹಳೇ ಪುಸ್ತಕಗಳ ಒಂದು ಕಟ್ಟು ತಂದರು. ದಾರ ಬಿಚ್ಚಿ ನೋಡಿದರೆ ಆರಕ್ಕೆ ಆರೂ ಅಮೆರಿಕದ ಕುದುರೆ ಸವಾರರ ಕಥೆಗಳು. ರಕ್ಷಾಪುಟ ಉಳಿದಿದ್ದ ಒಂದೇ ಒಂದರ ಮೇಲೆ, ಟೋಪಿ ಹಾಕಿದ ಒಬ್ಬ ಗಂಡಸು ಓದುವವರ ಹಣೆಗೇ ಪಿಸ್ತೂಲು ಹಿಡಿದಿದ್ದ. ಅಪ್ಪ ಅದನ್ನು ಬೋರಲು ಹಾಕಿ, "ಗ್ರಾಮರ್ ಚೆನ್ನಾಗಿರುತ್ತೆ, ಓದು" ಅಂದರು.

ಚಿಕ್ಕಮ್ಮ ಹುಟ್ಟಿ ಬೆಳೆದದ್ದು ದೊಡ್ಡಬಳ್ಳಾಪುರದ ನೇಕಾರರ ಬೀದಿಯಲ್ಲಿ. ನಾವು ನೇಕಾರರಲ್ಲ, ಆದರೆ ಅಜ್ಜಿ ಮನೆಯ ಎಡಕ್ಕೂ ಮಗ್ಗ, ಬಲಕ್ಕೂ ಮಗ್ಗ. ಉಪ್ಪು ಬೇಕು ಅನ್ನುವುದನ್ನೂ ಕೂಗಿಯೇ ಹೇಳಬೇಕಾದ ಬೀದಿ ಅದು. ಅಲ್ಲಿಂದ ಅವಳನ್ನು ಕೊಟ್ಟದ್ದು ಒಂದು ತುಂಬಿದ ಮನೆಗೆ. ಮದುವೆಯಾದ ಎರಡನೇ ವರ್ಷಕ್ಕೆ ಅಣ್ಣತಮ್ಮಂದಿರಲ್ಲಿ ಭಾಗವಾಯಿತು. ಚಿಕ್ಕಪ್ಪನ ಪಾಲಿಗೆ ಬಂದದ್ದು ಊರಿಂದ ಎರಡು ಮೈಲಿ ಆಚೆಯ ಹೊಲ. ಅವರು ಬಾವಿ ತೋಡಿಸಿದರು, ನೀರು ಬಂತು, ನೀರೆತ್ತಲು ಒಂದು ಆಯಿಲ್ ಇಂಜಿನ್ ತಂದರು, ಇಂಜಿನ್ನಿಗೆ ಕಾವಲು ಬೇಕೆಂದು ಬಾವಿಯ ಪಕ್ಕದಲ್ಲೇ ಮನೆ ಕಟ್ಟಿದರು. ಆ ಇಂಜಿನ್ನನ್ನು ಒರೆಸಿದಷ್ಟು ಪ್ರೀತಿಯಿಂದ ಅವರು ತಮ್ಮ ಮುಖವನ್ನೂ ಒರೆಸಿಕೊಂಡವರಲ್ಲ. ಒಳ್ಳೆಯವರು, ಮಾತು ಮಾತ್ರ ಕಡಿಮೆ. ಬೆಳಿಗ್ಗೆ "ಬರ್ತೀನಿ" ಅಂದರೆ ಸಂಜೆಗೆ "ಬಂದೆ" ಅನ್ನುವುದಷ್ಟೇ ಬಾಕಿ.

ನಾನು ಅಲ್ಲಿಗೆ ಹೋದದ್ದು ಆಷಾಢದಲ್ಲಿ. ಬಸ್ಸಿಳಿದು ಅಪ್ಪನ ಹಿಂದೆ ಹೊಲದ ಬದುಗಳ ಮೇಲೆ ನಡೆಯುವಾಗ ಗಾಳಿ ನನ್ನ ಲಂಗವನ್ನು ಪಟದಂತೆ ಎತ್ತುತ್ತಿತ್ತು. ಕಣ್ಣು ಹಾಯಿಸಿದಷ್ಟು ದೂರಕ್ಕೂ ಇನ್ನೊಂದು ಮನೆಯಿಲ್ಲ. ಚಿಕ್ಕಮ್ಮ ನಮ್ಮನ್ನು ಕಂಡವಳೇ ಓಡಿ ಬಂದು ನನ್ನ ಎರಡೂ ಕೆನ್ನೆ ಹಿಡಿದು ಮಾತು ಶುರು ಮಾಡಿದಳು. ಅಪ್ಪ ಮಜ್ಜಿಗೆ ಕುಡಿದು, ಊಟ ಮಾಡಿ, ಸಂಜೆ ಬಸ್ಸಿಗೆ ಹೊರಟಾಗಲೂ ಆ ಮಾತಿನ್ನೂ ಮುಗಿದಿರಲಿಲ್ಲ. ತಲೆ ಕೆಟ್ಟಂತೇನೂ ಕಾಣಲಿಲ್ಲ. ಮಾರನೇ ದಿನ ಬೆಳಿಗ್ಗೆ ಅವಳು, "ಬಾ ಕಣೆ, ನಮ್ ಪಕ್ಕದ್ಮನೆಯವಳ್ನ ತೋರಿಸ್ತೀನಿ" ಎಂದು ಮುಸುಕಿನ ಜೋಳದ ಹೊಲಕ್ಕೆ ಕರೆದುಕೊಂಡು ಹೋಗುವವರೆಗೆ.

ಗಿಣಿ ಹೆದರಿಸಲು ಹೊಲದಲ್ಲಿ ಬೆರ್ಚಪ್ಪನನ್ನು ನಿಲ್ಲಿಸುವುದು ಎಲ್ಲ ಕಡೆ ಇದ್ದದ್ದೇ. ಕೋಲಿಗೆ ಹುಲ್ಲು ಸುತ್ತಿ, ಹರಕು ಅಂಗಿ ತೊಡಿಸಿ, ಮಡಕೆಯ ತಲೆ ಇಟ್ಟರೆ ಆಯಿತು. ಇಲ್ಲಿದ್ದವಳು ಬೆರ್ಚಮ್ಮ. ನೆರಿಗೆ ಹಿಡಿದು ಉಡಿಸಿದ ಹಳೇ ಸೀರೆ, ಮಡಕೆಯ ಮೇಲೆ ಕುಂಕುಮ, ಕೈಗೆ ಒಡೆಯದೆ ಉಳಿದ ಎರಡು ಬಳೆ. ಚಿಕ್ಕಮ್ಮ ಅವಳಿಗೆ ನನ್ನನ್ನು ಪರಿಚಯಿಸಿದಳು. ನಾನು ಫೇಲಾದದ್ದನ್ನೂ ಹೇಳಿದಳು. ನನಗೆ ಬೆರ್ಚಮ್ಮನ ಎದುರು ನಾಚಿಕೆಯಾಯಿತು.

ಬೇಲಿಯಾಚೆ ದನ ಹೊಡೆದುಕೊಂಡು ಹೋಗುವವರು ದಿನವೂ ಇದನ್ನು ನೋಡಿದ್ದರು. ಸುದ್ದಿ ಸಂತೆಗೆ ಹೋದದ್ದು ಹಾಗೆ. ಇನ್ನೂ ಒಂದು ದೂರಿತ್ತು. ಒಂದು ದಿನ ಅವಳು ಹೇಳದೆ ಕೇಳದೆ ಬಸ್ ರಸ್ತೆಯವರೆಗೆ ನಡೆದು, ಮರದ ಕೆಳಗೆ ಕೂತು, ಬಂದ ಬಸ್ಸಿಗೆಲ್ಲ ಕೈ ಬೀಸಿದ್ದಳಂತೆ. ಕಂಡಕ್ಟರ್ ಸೀಟಿ ಊದಿ ಬಸ್ ನಿಲ್ಲಿಸಿದರೆ ಹತ್ತಲಿಲ್ಲವಂತೆ. ಚಿಕ್ಕಪ್ಪ ದಿಗಿಲು ಬಿದ್ದು, ಬರುವ ಅಮಾವಾಸ್ಯೆಗೆ ಅವಳನ್ನು ಒಬ್ಬ ಮಂತ್ರಗಾರನ ಹತ್ತಿರ ಕರೆದೊಯ್ಯಲು ಮಾತಾಡಿ ಬಂದಿದ್ದರು.

ಮಧ್ಯಾಹ್ನ ಜಗಲಿಯಲ್ಲಿ ಕೂತು ನಾನು ಕುದುರೆ ಪುಸ್ತಕ ತೆಗೆಯುತ್ತಿದ್ದೆ. ಚಿಕ್ಕಮ್ಮ ನೆನೆಸಿದ ಅವರೆಕಾಳು ಹಿಚುಕುತ್ತಲೋ ರಾಗಿ ಕೇರುತ್ತಲೋ ಪಕ್ಕದಲ್ಲಿ ಕೂತು, "ಗಟ್ಟಿಯಾಗಿ ಓದು, ಓದಿ ಕನ್ನಡದಲ್ಲಿ ಹೇಳು" ಅನ್ನುತ್ತಿದ್ದಳು. ನನಗೆ ಅರ್ಥವಾಗುತ್ತಿದ್ದದ್ದು ಮೂರರಲ್ಲಿ ಒಂದು ಪದ. ಮಿಕ್ಕಿದ್ದನ್ನು ಧೈರ್ಯದಿಂದ ತುಂಬಿಸುತ್ತಿದ್ದೆ.

ಮೊದಲನೇ ಪುಸ್ತಕದ ನಾಯಕ ದನ ಕಾಯುವವನು. ಎರಡು ಪಿಸ್ತೂಲು, ಒಂದು ಕುದುರೆ, ಮಾತಿಲ್ಲದ ಮನುಷ್ಯ. ದನ ಕಾಯುವವನಿಗೆ ಅಷ್ಟೊಂದು ಗತ್ತು ಯಾಕೆ ಎನ್ನುವುದೇ ಚಿಕ್ಕಮ್ಮನ ಮೊದಲ ಪ್ರಶ್ನೆ. ಅವನು ಯಾರನ್ನು ಹೊಡೆದ, ಯಾಕೆ ಹೊಡೆದ ಎನ್ನುವುದೆಲ್ಲ ಅವಳಿಗೆ ಬೇಕಿರಲಿಲ್ಲ. ಐವತ್ತನೇ ಪುಟದ ಹತ್ತಿರ ಅವನು ಒಂದು ಒಂಟಿ ಮನೆಯ ಮುಂದೆ ಕುದುರೆ ನಿಲ್ಲಿಸಿ ನೀರು ಕೇಳುತ್ತಾನೆ. ಹುಲ್ಲಿನ ಬಯಲಿನ ನಡುವೆ ಮಣ್ಣುಹೆಂಟೆ ಪೇರಿಸಿ ಕಟ್ಟಿದ ಮನೆ. ಒಳಗಿನಿಂದ ಒಬ್ಬ ಹೆಂಗಸು ಬರುತ್ತಾಳೆ. ತಲೆ ಕೆದರಿದೆ. ಗಾಳಿ ತನ್ನ ಹೆಸರು ಹಿಡಿದು ಕರೆಯುತ್ತದೆ ಎಂದು ಹೇಳಿ ನಗುತ್ತಾಳೆ. ಅವನು ಟೋಪಿ ಮುಟ್ಟಿ, ಕುದುರೆ ಹತ್ತಿ ಹೋಗುತ್ತಾನೆ. ಅವಳಿಗೆ ಆ ಪುಸ್ತಕ ಕೊಟ್ಟದ್ದು ಒಟ್ಟು ಹತ್ತು ಸಾಲು.

ಚಿಕ್ಕಮ್ಮನ ಕೈಯಲ್ಲಿದ್ದ ಮೊರ ನಿಂತಿತು. "ಅವಳೇನಾದ್ಲು?"

ಪುಸ್ತಕ ಹೇಳುವುದಿಲ್ಲ ಅಂದೆ. ಹಾಗಾದರೆ ನೀನು ಸರಿಯಾಗಿ ಓದಿಲ್ಲ ಅಂದಳು. ಫೇಲಾದವಳಾದ್ದರಿಂದ ವಾದಿಸುವ ಹಕ್ಕು ನನಗಿರಲಿಲ್ಲ. ಆವತ್ತಿನಿಂದ ನಾಯಕನನ್ನು ಅವನ ಪಾಡಿಗೆ ಬಿಟ್ಟು ನಾವಿಬ್ಬರೂ ಆ ಹೆಂಗಸಿನ ಮನೆಯಲ್ಲಿ ಕೂತುಬಿಟ್ಟೆವು. ನೀರು ಎಲ್ಲಿಂದ ತರುತ್ತಾಳೆ? ತಲೆ ಯಾರು ಬಾಚುತ್ತಾರೆ? ತವರು ಎಷ್ಟು ದೂರ? ಉತ್ತರಕ್ಕಾಗಿ ನಾನು ಪುಸ್ತಕ ತಡಕಾಡಿದೆ. ಇನ್ನೊಂದು ಪುಸ್ತಕದಲ್ಲಿ ಅಲ್ಲಿನವರು ಒಲೆಗೆ ಕಾಡುಕೋಣದ ಒಣಗಿದ ಸಗಣಿ ಹಾಕುತ್ತಾರೆ ಎಂದು ಸಿಕ್ಕಿತು. ಚಿಕ್ಕಮ್ಮನಿಗೆ ಪರಮಾನಂದ. ಅಮೆರಿಕದಲ್ಲೂ ಬೆರಣಿ ತಟ್ಟುತ್ತಾರಾ ಅಂದಳು. ತಟ್ಟುವುದಿಲ್ಲ, ಒಣಗಿ ಬಿದ್ದಿದ್ದನ್ನೇ ಆರಿಸಿ ತರುತ್ತಾರೆ ಅಂದೆ. "ಸೋಂಬೇರಿಗಳು" ಎಂದು ಬೇಸರಪಟ್ಟುಕೊಂಡಳು.

ಹುಡುಕುತ್ತಾ ಹೋದಂತೆ ಆರೂ ಪುಸ್ತಕಗಳಲ್ಲಿ ಅಂಥ ಒಬ್ಬೊಬ್ಬಳು ಸಿಕ್ಕಳು. ಒಬ್ಬಳು ಗಂಡ ದನ ಮಾರಲು ಹೋದ ಚಳಿಗಾಲದಲ್ಲಿ ಮಗುವನ್ನು ತಾನೇ ಮಣ್ಣು ಮಾಡಿ, ಆಮೇಲೆ ತೊಟ್ಟಿಲು ತೂಗುವುದನ್ನು ನಿಲ್ಲಿಸಲೇ ಇಲ್ಲ. ಇನ್ನೊಬ್ಬಳು ತಟ್ಟೆಗಳನ್ನು ಸಾಲಾಗಿಟ್ಟು ಬಾರದ ನೆಂಟರಿಗೆ ದಿನಾ ಬಡಿಸುತ್ತಿದ್ದಳು. ಮತ್ತೊಬ್ಬಳು ಹುಲ್ಲಿನಲ್ಲಿ ನಡೆಯುತ್ತಾ ಹೋಗಿಬಿಟ್ಟಳು. ಎಲ್ಲರೂ ಪುಟದ ಅಂಚಿನಲ್ಲಿ ನಿಂತವರು. ಕಥೆಯ ಕುದುರೆ ಪಕ್ಕದಲ್ಲೇ ಧೂಳೆಬ್ಬಿಸಿಕೊಂಡು ಹೋಗುತ್ತಿತ್ತು. ಆಮೇಲಿನ ವರ್ಷಗಳಲ್ಲಿ ನಾನು ಅಂಥ ಪುಸ್ತಕ ಇನ್ನೂ ಬೇಕಾದಷ್ಟು ಓದಿದೆ. ಹುಚ್ಚು ಹಿಡಿದ ಹೆಂಗಸು ಬಾವಿಯಂತೆ, ಬೇಲಿಯಂತೆ, ಆ ಬಯಲಿನ ಒಂದು ಸಾಮಾನು ಅನ್ನುವ ಹಾಗೆ ಅವರು ಬರೆಯುತ್ತಿದ್ದರು.

ಚಿಕ್ಕಮ್ಮ ಬೇರೆ ಥರದ ಓದುಗಿತ್ತಿ. ಆರೂ ಜನರ ಕಥೆ ಕೇಳಿ, ಕಾಳು ಹಿಚುಕುತ್ತಾ ಹೇಳಿದಳು: "ಈ ಆರೂ ಜನಾನ ಒಂದೇ ಬೀದೀಲಿ ಇಟ್ಟಿದ್ರೆ ಒಬ್ಬಳಿಗೂ ಹುಚ್ಚು ಹಿಡೀತಿರ್ಲಿಲ್ಲ. ಜಗಳ ಆಡ್ಕೊಂಡು ಚೆನ್ನಾಗಿರೋರು."

ಕೊನೆಯ ಪುಸ್ತಕದವಳಿಗೆ ಗಂಡ ದೂರದ ಊರಿಂದ ವೈದ್ಯನನ್ನು ಕರೆತರುತ್ತಾನೆ. ವೈದ್ಯ ಕಂದು ಬಣ್ಣದ ಸೀಸೆ ಕೊಡುತ್ತಾನೆ. ಅದರಿಂದ ಏನೂ ಆಗದೆ ಅವಳನ್ನು ಗಾಡಿಯಲ್ಲಿ ಕೂರಿಸಿ ಎಲ್ಲಿಗೋ ಕಳಿಸಿಬಿಡುತ್ತಾರೆ. ನಾನು ಇದನ್ನು ಮುಚ್ಚಿಟ್ಟು, ಅವಳು ಹುಷಾರಾಗಿ ಎರಡು ಹಸು ಕಟ್ಟಿದಳು ಎಂದು ಹೇಳುತ್ತಿದ್ದೆ. ಚಿಕ್ಕಮ್ಮ ನನ್ನ ಮುಖ ನೋಡಿ, "ಬರೆದಿರೋದನ್ನ ಹೇಳು" ಅಂದಳು. ಹೇಳಿದೆ. ಚಿಕ್ಕಪ್ಪ ಆಗ ಕೊಟ್ಟಿಗೆಯ ಗೋಡೆಯಾಚೆ ಇಂಜಿನ್ನಿನ ಯಾವುದೋ ತಿರುಪು ಒರೆಸುತ್ತಿದ್ದರು. ಚಿಕ್ಕಮ್ಮ ಗಂಡನಿಗೆ ಹೇಳಬೇಕಾದದ್ದನ್ನು ಯಾವಾಗಲೂ ಗೋಡೆಗೇ ಹೇಳುತ್ತಿದ್ದದ್ದು. ಆವತ್ತೂ ಗೋಡೆಯ ಕಡೆ ತಿರುಗಿ, "ಔಷಧಿ ಕುಡಿಸೋಕ್ ಮುಂಚೆ ಅವನು ಏನಾಯ್ತೇ ಅಂತ ಒಂದ್ಸಲ ಕೇಳ್ಬೇಕಿತ್ತು" ಅಂದಳು. ಆಚೆಯಿಂದ ಒರೆಸುವ ಸದ್ದು ನಿಂತಿತು.

ಅಮಾವಾಸ್ಯೆ ಬಂತು. ಮಾತು ಕೊಟ್ಟಾಗಿದೆ ಎಂದು ಚಿಕ್ಕಪ್ಪ ಅವಳನ್ನು ಬೆಳಗಿನ ಬಸ್ಸಿಗೆ ಹೊರಡಿಸಿದರು. ನಾನೂ ಹೋದೆ. ಬೇವಿನ ಕಡ್ಡಿ ಕಟ್ಟಿದ ಬರಲಿನಲ್ಲಿ ಹೊಡೆಯುತ್ತಾರೆ ಎಂದು ಕೇಳಿದ್ದ ನಾನು ದಾರಿಯುದ್ದಕ್ಕೂ ಅವಳ ಸೆರಗು ಬಿಡಲಿಲ್ಲ. ಚಿಕ್ಕಮ್ಮ ಮಾತ್ರ ಒಳ್ಳೇ ಸೀರೆ ಉಟ್ಟು, ಹೂ ಮುಡಿದು, ಮದುವೆಗೆ ಹೊರಟವಳಂತೆ ಕಿಟಕಿ ಪಕ್ಕ ಕೂತಿದ್ದಳು. ಮಂತ್ರಗಾರನ ಮನೆಯ ಮುಂದೆ ನಲವತ್ತೈವತ್ತು ಹೆಂಗಸರ ಸಾಲು. ನಮ್ಮ ಸರದಿ ಬರಲು ಮಧ್ಯಾಹ್ನವಾಗುತ್ತದೆ ಎಂದು ತಿಳಿದು ಚಿಕ್ಕಪ್ಪ ಕೈ ಹಿಸುಕಿಕೊಂಡರು. ಚಿಕ್ಕಮ್ಮ ಸೆರಗು ಸಿಕ್ಕಿಸಿಕೊಂಡು ನೆಲದ ಮೇಲೆ ಚಕ್ಕಳಮಕ್ಕಳ ಕೂತಳು. ಮೊದಲು ಮುಂದಿನವಳ ಜೊತೆ, ಆಮೇಲೆ ಹಿಂದಿನವಳ ಜೊತೆ, ಆಮೇಲೆ ಇಡೀ ಸಾಲಿನ ಜೊತೆ. ಯಾರ ನಾದಿನಿ ಹೇಗೆ, ಯಾರ ಹಸು ಯಾಕೆ ಹಾಲು ಬಿಡುತ್ತಿಲ್ಲ, ಯಾರ ಊರಿಂದ ರಾಗಿ ಮಿಷನ್ ಎಷ್ಟು ದೂರ. ಸರದಿ ಬಂದಾಗ ಹಿಂದಿನ ಇಬ್ಬರನ್ನು ಮುಂದೆ ಬಿಟ್ಟಳು. ಕೊನೆಗೆ ಒಳಗೆ ಹೋದಾಗ ಮಂತ್ರಗಾರ ಇವಳ ನಗುಮುಖ ನೋಡಿ, ಬೇವಿನ ಬರಲನ್ನು ಪಕ್ಕಕ್ಕಿಟ್ಟು, ವಿಭೂತಿ ಕೊಟ್ಟು ಕಳಿಸಿದ.

ಎಂಟು ದಿನ ಅವಳು ಹೊಲದಲ್ಲಿ ಬೆರ್ಚಮ್ಮನ ಕಡೆ ತಿರುಗಿಯೂ ನೋಡಲಿಲ್ಲ. ಹಾಡು ಹೇಳಿಕೊಂಡು ಮುದ್ದೆ ತೊಳಸುತ್ತಿದ್ದಳು. ಚಿಕ್ಕಪ್ಪ ವಿಭೂತಿಯ ಮಹಿಮೆಯನ್ನು ಊರಿಗೆಲ್ಲ ಹೇಳಿಕೊಂಡು ಬಂದರು. ಒಂಬತ್ತನೇ ದಿನ ಅವಳು ಮತ್ತೆ ಜೋಳದ ಹೊಲದಲ್ಲಿ ನಿಂತು, ಸಾಲಿನಲ್ಲಿದ್ದ ಹೆಂಗಸರ ವಿಷಯವನ್ನು ಬೆರ್ಚಮ್ಮನಿಗೆ ವಿವರಿಸುತ್ತಿದ್ದಳು. ಆ ಸಂಜೆ ಅವಳೇ ಗೋಡೆಗೆ ಹೇಳಿದಳು, ಮುಂದಿನ ಅಮಾವಾಸ್ಯೆಗೂ ಹೋಗೋಣ ಅಂತ.

ಮರುದಿನ ಚಿಕ್ಕಪ್ಪ ಬಾವಿಯ ಹತ್ತಿರ ನನ್ನನ್ನು ಕರೆದರು. ಐದು ವಾರದಲ್ಲಿ ಅವರು ನನ್ನ ಜೊತೆ ಆಡಿದ ಮೊದಲ ಉದ್ದದ ಮಾತು ಅದು.

"ಆ ಪುಸ್ತಕದಲ್ಲಿ, ಆ ಹೆಣ್ಣುಮಗಳಿಗೆ ಬೇಕಾಗಿದ್ದು ಏನಮ್ಮಾ?"

ಪರೀಕ್ಷೆಯಲ್ಲಿ ಬಾರದ ಪ್ರಶ್ನೆ. ಆದರೆ ಉತ್ತರ ನನಗೆ ಗೊತ್ತಿತ್ತು. "ಸಾಲು, ಚಿಕ್ಕಪ್ಪ" ಅಂದೆ. ಅವರಿಗೆ ಅರ್ಥವಾಗಲಿಲ್ಲ. ಚಿಕ್ಕಮ್ಮನಿಗೆ ವಾಸಿಯಾದದ್ದು ವಿಭೂತಿಯಿಂದಲ್ಲ, ಸಾಲಿನಲ್ಲಿ ಕೂತು ಮಾತಾಡಿದ್ದರಿಂದ ಎಂದು ಬಿಡಿಸಿ ಹೇಳಿದೆ. ಅವರು ನಂಬಲಾರದೆ ನನ್ನನ್ನೂ ಇಂಜಿನ್ನನ್ನೂ ನೋಡುತ್ತಾ ನಿಂತರು. "ಈ ಬಯಲಿಗೆ ಸಾಲು ಎಲ್ಲಿಂದ ತರ್ಲಿ ನಾನು?" ಅಂದರು. ನಾನು ಸಾಲಿನಲ್ಲಿ ಕೇಳಿದ್ದನ್ನು ಹೇಳಿದೆ: ಸುತ್ತಲಿನ ಹಳ್ಳಿಗಳ ಹೆಂಗಸರೆಲ್ಲ ರಾಗಿ ಬೀಸಿಸಲು ತಲೆ ಮೇಲೆ ಹೊತ್ತು ಸೂಲಿಬೆಲೆಯವರೆಗೆ ನಡೆಯುತ್ತಿದ್ದರು.

ಅವರು ಹೋಗಿ ಇಂಜಿನ್ನಿನ ಚಕ್ರದ ಮೇಲೆ ಕೈಯಿಟ್ಟರು. "ಈ ಇಂಜಿನ್ನಿಗೆ ಒಂದು ಬೆಲ್ಟು ಹಾಕಿದ್ರೆ ಬೀಸೋ ಕಲ್ಲು ತಿರುಗುತ್ತೆ" ಅಂದರು. ಇಂಜಿನ್ನಿನ ಹೊಗಳಿಕೆಯಾಗಿ ಶುರುವಾದ ಆ ಮಾತು ಕಾರ್ತೀಕದ ಹೊತ್ತಿಗೆ ಒಂದು ತಗಡಿನ ಶೆಡ್ಡಾಯಿತು. ಎಲ್ಲಿಂದಲೋ ಹಳೇ ಹಿಟ್ಟಿನ ಮಿಷನ್ ಬಂತು. ನಾನಷ್ಟರಲ್ಲಿ ಪರೀಕ್ಷೆ ಬರೆದು, ಹೇಗೋ ಮೂವತ್ತೈದು ದಾಟಿ, ಹೊಸಕೋಟೆಗೆ ವಾಪಸಾಗಿದ್ದೆ. ರಜೆಗೆ ಹೋದಾಗ ನೋಡಿದರೆ ಮಿಷನ್ನಿನ ಸದ್ದಿನಲ್ಲಿ ಕಿವಿಗೆ ಏನೂ ಕೇಳುತ್ತಿರಲಿಲ್ಲ, ಚಿಕ್ಕಮ್ಮನ ದನಿಯೊಂದು ಬಿಟ್ಟು. ತಲೆಯಿಂದ ಕಾಲಿನವರೆಗೆ ಹಿಟ್ಟು ಮೆತ್ತಿಕೊಂಡು, ಬುಟ್ಟಿಗಳನ್ನು ಸಾಲಾಗಿಡಿಸುತ್ತಾ, ಮೂರು ಹಳ್ಳಿಯ ಜಗಳಗಳಿಗೆ ತೀರ್ಪು ಕೊಡುತ್ತಿದ್ದಳು. ಬೆರ್ಚಮ್ಮನ ಸೀರೆ ಆ ವರ್ಷದ ಮಳೆಗೆ ಹರಿದುಹೋಗಿತ್ತು. ಹೊಸದು ಉಡಿಸಲು ಅವಳಿಗೆ ಪುರುಸೊತ್ತಿರಲಿಲ್ಲ. ಚಿಕ್ಕಪ್ಪ ಈಗಲೂ ಹೆಚ್ಚು ಮಾತಾಡುತ್ತಿರಲಿಲ್ಲ, ಆದರೆ ಸಂಜೆ ಬೆಲ್ಟು ಬಿಚ್ಚಿದ ಮೇಲೆ ಬಂದು ಜಗಲಿಯಲ್ಲಿ ಕೂರುತ್ತಿದ್ದರು. ಅವಳು ಗೋಡೆಯನ್ನು ಬಿಟ್ಟು ಅವರ ಕಡೆಗೇ ಮುಖ ಮಾಡಿ ದಿನದ ವರದಿ ಒಪ್ಪಿಸುತ್ತಿದ್ದಳು.

ಎಪ್ಪತ್ತರ ದಶಕದಲ್ಲಿ ಸುತ್ತಮುತ್ತ ಇನ್ನೂ ಹಲವರು ಬಾವಿ ತೋಡಿಸಿ ಹೊಲದಲ್ಲೇ ಮನೆ ಕಟ್ಟಿದರು. ಒಂದು ದಿನ ನಾನು ಅಲ್ಲಿದ್ದಾಗ, ಸಮೇತನಹಳ್ಳಿ ಕಡೆಯಿಂದ ಅಂಥದ್ದೊಂದು ಮನೆಗೆ ಮದುವೆಯಾಗಿ ಬಂದಿದ್ದ ಹುಡುಗಿಯೊಬ್ಬಳು ಪುಟ್ಟ ಬುಟ್ಟಿಯಲ್ಲಿ ರಾಗಿ ತಂದಳು. ಶೆಡ್ಡಿನಲ್ಲಿ ಬೇರೆ ಯಾರೂ ಇರಲಿಲ್ಲ, ಮಿಷನ್ ಖಾಲಿ ತಿರುಗುತ್ತಿತ್ತು. ಚಿಕ್ಕಮ್ಮ ಅವಳ ಮುಖವನ್ನೊಮ್ಮೆ, ಒಣಗಿದ ಜಡೆಯನ್ನೊಮ್ಮೆ ನೋಡಿದಳು. ಬುಟ್ಟಿ ಇಳಿಸಿಕೊಂಡು ಮೂಲೆಯಲ್ಲಿಟ್ಟಳು.

"ತುಂಬಾ ಸಾಲಿದೆ ಕಣವ್ವ. ಹೊತ್ತಾಗುತ್ತೆ, ಕೂತ್ಕೋ" ಅಂದಳು.

ಹುಡುಗಿ ಆ ಖಾಲಿ ಶೆಡ್ಡನ್ನು ಸುತ್ತ ನೋಡಿ, ಕಾಲು ಚಾಚಿ ಕೂತುಕೊಂಡಳು.