ಮರಳಲ್ಲಿ ಗೀಚಿದ ವೇದಾವತಿ

ನನಗೆ ಇಂಥದ್ದರಲ್ಲೆಲ್ಲ ನಂಬಿಕೆ ಇರಲಿಲ್ಲ, ಮೊದಲೇ ಹೇಳಿಬಿಡುತ್ತೇನೆ. ದೆವ್ವ ಕಂಡೆ, ಕನಸಿನಲ್ಲಿ ಅಜ್ಜ ಬಂದು ಹೇಳಿದ ಎನ್ನುವವರು ಸಿಕ್ಕರೆ ಪ್ರಶ್ನೆ ಕೇಳಿ ಕೇಳಿ ಸುಸ್ತು ಮಾಡುತ್ತಿದ್ದೆ. ಯಾವ ದಿಕ್ಕಿನಿಂದ ಬಂತು, ಆಗ ದೀಪ ಇತ್ತೇ, ಜೊತೆಗೆ ಯಾರಿದ್ದರು? ಅಷ್ಟರಲ್ಲಿ ಹೆಚ್ಚಿನವರು ಎದ್ದು ಹೋಗುತ್ತಿದ್ದರು. ಹೈಸ್ಕೂಲಿನಲ್ಲಿ ಭೂಗೋಳ ಕಲಿಸಿದವಳು ನಾನು. ನೀರು ಎತ್ತರದಿಂದ ತಗ್ಗಿಗೆ ಹರಿಯುತ್ತದೆ, ಉಪನದಿ ಬಂದು ನದಿಯನ್ನು ಸೇರುತ್ತದೆ, ಸೇರಿದ್ದು ಹಿಂದಕ್ಕೆ ಹೋಗುವುದಿಲ್ಲ. ಇದನ್ನು ನಂಬಿಕೊಂಡೇ ಇಷ್ಟು ವರ್ಷ ಸಂಬಳ ತಿಂದೆ. ಈಗ ಹೇಳಲಿರುವುದನ್ನು ಬೇರೆ ಯಾರಾದರೂ ನನಗೆ ಹೇಳಿದ್ದರೆ ಅವರಿಗೂ ಅದೇ ಗತಿಯಾಗುತ್ತಿತ್ತು. ನೀವು ಕೇಳಬಹುದಾದ ಪ್ರಶ್ನೆಗಳನ್ನೆಲ್ಲ ನಾನೇ ಕೇಳಿಕೊಂಡು ಆಗಿದೆ.

ಎಪ್ಪತ್ತರ ದಶಕದ ಮಾತು. ಚಿತ್ರದುರ್ಗದಲ್ಲಿ ಓದು ಮುಗಿಸಿ ಹಿರಿಯೂರಿನ ಶಾಲೆಯೊಂದಕ್ಕೆ ಸೇರಿ ಬಹಳ ಕಾಲವಾಗಿರಲಿಲ್ಲ. ನಮ್ಮ ಊರು ಅದೇ ತಾಲ್ಲೂಕಿನಲ್ಲಿ, ಸುವರ್ಣಮುಖಿಯ ದಂಡೆಯಲ್ಲಿ. ಅವ್ವನ ತವರು ಹೊಸದುರ್ಗ ತಾಲ್ಲೂಕಿನಲ್ಲಿ, ವೇದಾವತಿಯ ದಂಡೆಯಲ್ಲಿ. ಬಾಗೂರಿನಲ್ಲಿ ಬಸ್ ಇಳಿದು ನಡೆಯಬೇಕು. ಈ ಎರಡು ಹೊಳೆಗಳ ದಾರಿ ತಿಳಿದರೆ ಮುಂದಿನದು ಅರ್ಥವಾಗುತ್ತದೆ. ಸ್ವಲ್ಪ ತಾಳ್ಮೆ ಇರಲಿ, ಪಾಠ ಮಾಡುವ ಚಾಳಿ ಇನ್ನೂ ಬಿಟ್ಟಿಲ್ಲ. ವೇದಾವತಿ ಪಶ್ಚಿಮದ ಬೆಟ್ಟಗಳಿಂದ ಇಳಿದು, ಹೊಸದುರ್ಗದ ಸೀಮೆ ಹಾದು, ಮಾರಿಕಣಿವೆಯ ಅಣೆಕಟ್ಟಿನಲ್ಲಿ ನಿಲ್ಲುತ್ತದೆ. ಅಲ್ಲಿಂದ ಬಿಟ್ಟ ನೀರು ಹಿರಿಯೂರಿಗೆ ಬರುತ್ತದೆ. ಸುವರ್ಣಮುಖಿ ದಕ್ಷಿಣದಿಂದ, ಶಿರಾ ಕಡೆಯಿಂದ ಬಂದು, ಅಣೆಕಟ್ಟಿಗಿಂತ ಎಷ್ಟೋ ಕೆಳಗೆ ವೇದಾವತಿಯನ್ನು ಸೇರುತ್ತದೆ. ಎರಡೂ ಕೂಡಿಕೊಂಡು ಚಳ್ಳಕೆರೆ ಕಡೆಗೆ ಹೋಗುತ್ತವೆ. ತವರಿನ ನೀರು ನಮ್ಮೂರನ್ನು ಮುಟ್ಟುವಂತಿಲ್ಲ, ನಮ್ಮೂರಿನ ನೀರು ತವರಿಗೆ ಹೋಗುವಂತಿಲ್ಲ.

ಅವ್ವನಿಗೂ ನಮ್ಮ ಸೋದರಮಾವನಿಗೂ ಮಾತು ನಿಂತು ವರ್ಷಗಳಾಗಿದ್ದವು. ನಮ್ಮ ಕಡೆ ಹೆಣ್ಣುಮಗಳ ಗಂಡ ತೀರಿಕೊಂಡರೆ ತವರಿನಿಂದ ಅಣ್ಣನೋ ತಮ್ಮನೋ ಸೀರೆ ತರಬೇಕು. ನಮ್ಮಪ್ಪ ತೀರಿಕೊಂಡಾಗ ಮಾವ ಕುರಿ ಹೊಡೆದುಕೊಂಡು ಹೊಳಲ್ಕೆರೆ ದಾಟಿ ದೂರದ ಮೇವಿನ ಕಾವಲುಗಳಿಗೆ ಹೋಗಿದ್ದ. ಸುದ್ದಿ ಮುಟ್ಟಿ, ಮಂದೆಯನ್ನು ಇನ್ನೊಬ್ಬರಿಗೆ ಒಪ್ಪಿಸಿ ಅವನು ಬರುವ ಹೊತ್ತಿಗೆ ತಿಥಿ ಮುಗಿದಿತ್ತು. ಸೀರೆಯನ್ನು ಕಂಕುಳಲ್ಲಿಟ್ಟುಕೊಂಡು ಬಾಗಿಲಲ್ಲಿ ನಿಂತವನನ್ನು ಅವ್ವ ಒಳಗೆ ಬಾ ಎನ್ನಲಿಲ್ಲ. ತವರೇ ಇಲ್ಲದವಳ ಹಾಗೆ ನೆಂಟರ ನಡುವೆ ಕೂತಿದ್ದ ಸಂಕಟ ಅವಳದು. ಮಾವ ಅಲ್ಲಿಂದಲೇ ತಿರುಗಿ ಹೋದ. ಆಮೇಲೆ ಇಬ್ಬರದೂ ಹಟ. ಅವನು ಕರೆಯುವವರೆಗೆ ಹೊಸಲು ತುಳಿಯಲ್ಲ ಎಂದು ಇವಳು. ತನ್ನ ಮನೆಗೆ ಬರೋಕೆ ಯಾರಾದ್ರೂ ಕರೆಸ್ಕೊಂತಾರಾ ಎಂದು ಅವನು. ಒಂದೇ ಹೊಟ್ಟೆಯಲ್ಲಿ ಹುಟ್ಟಿದವರು ಎನ್ನುವುದಕ್ಕೆ ಬೇರೆ ಸಾಕ್ಷಿ ಬೇಕಿರಲಿಲ್ಲ.

ತವರಿನದು ಅಂತ ಅವ್ವನ ಹತ್ತಿರ ಉಳಿದಿದ್ದದ್ದು ಒಂದು ತಾಮ್ರದ ಚೊಂಬು. ಮದುವೆಯಲ್ಲಿ ಕೊಟ್ಟದ್ದು. ಕಂಠದ ಕೆಳಗೆ ಚುಕ್ಕೆ ಚುಕ್ಕೆಯಾಗಿ ಅವಳ ಹೆಸರು ಹೊಡೆಸಿತ್ತು, ಕೆಂಚಮ್ಮ ಎಂದು. ತಳ ಸೋರುತ್ತಿದೆಯೆಂದು ಹಿರಿಯೂರಿನ ಕಲಾಯಿ ಸಾಬರಿಂದ ನಾನೇ ಬೆಸುಗೆ ಹಾಕಿಸಿದ್ದೆ. ಆ ಬೆಸುಗೆ ಹುಣಸೆಬೀಜದಷ್ಟು ಉಬ್ಬಿಕೊಂಡು ಚೊಂಬು ನೆಟ್ಟಗೆ ಕೂರದೆ ಒಂದು ಪಕ್ಕಕ್ಕೆ ವಾಲುತ್ತಿತ್ತು.

ಬೇಸಿಗೆಯಲ್ಲಿ ನಮ್ಮ ಹೊಳೆಯೆಂದರೆ ಬರೀ ಮರಳು. ಮನೆಗೊಂದರಂತೆ ಒರತೆ ತೋಡಿಕೊಳ್ಳುತ್ತಿದ್ದೆವು. ಮರಳು ತೆಗೆದು ಗುಂಡಿ ಮಾಡಿದರೆ ತಳದಲ್ಲಿ ತಿಳಿನೀರು ಜಿನುಗುತ್ತದೆ. ಅದನ್ನು ಚೊಂಬಿನಲ್ಲಿ ಮೊಗೆದು ಕೊಡ ತುಂಬುವುದು. ನಮ್ಮ ಮನೆಯ ಹೆಂಗಸರು ಮೊದಲ ಚೊಂಬನ್ನು ಕೊಡಕ್ಕೆ ಹಾಕುತ್ತಿರಲಿಲ್ಲ, ಹೊಳೆಗೇ ಹೊಯ್ಯುತ್ತಿದ್ದರು. ಹೊಯ್ಯುವಾಗ ಮನಸ್ಸಿನಲ್ಲಿದ್ದದ್ದನ್ನು ಗಂಗಮ್ಮನಿಗೆ ಹೇಳಿಕೊಳ್ಳುವುದು ರೂಢಿ.

ಆ ಬೇಸಿಗೆಯ ರಜೆಗೆ ನಾನು ಊರಿಗೆ ಬಂದಿದ್ದೆ. ಮಾವನ ಊರಿನ ಕುರುಬರೊಬ್ಬರು ನಮ್ಮ ಕಡೆ ಕುರಿ ಹೊಡೆದುಕೊಂಡು ಬಂದವರು, ಮಾವ ಹಾಸಿಗೆ ಹಿಡಿದಿದ್ದಾನೆ, ಅನ್ನ ಒಳಗೆ ಇಳಿಯುತ್ತಿಲ್ಲ ಎಂದು ಹೇಳಿದರು. ಅವ್ವ ಕೇಳಿದ್ದು ಒಂದೇ ಮಾತು. "ನನ್ನ ಕರ್ದನಾ?" ಅವರು ಇಲ್ಲವೆಂದರು. ಅವ್ವ ಅಂದು ಉಣ್ಣಲಿಲ್ಲ. ಹಟ ಬಿಟ್ಟು ಹೋಗುವುದೂ ಅವಳ ಕೈಲಾಗದು, ಹೋಗುವುದರೊಳಗೆ ಅವನು ಕಣ್ಣು ಮುಚ್ಚಿದರೆ ತಡೆದುಕೊಳ್ಳುವುದೂ ಆಗದು.

ಮರುದಿನ ಸೋಮವಾರ. ಬೆಳಗ್ಗೆ ಇಬ್ಬರೂ ಒರತೆಗೆ ಹೋದೆವು. ಅವ್ವ ಮೊದಲ ಚೊಂಬು ಹೊಯ್ಯುತ್ತ, "ನಮ್ಮಣ್ಣಂಗೆ ಒಂದ್ ಮಾತು ಹೇಳವ್ವ ತಾಯಿ, ನನ್ನ ಕರೀಲಿ" ಎಂದಳು. ನನ್ನ ಬಾಯಿ ಸುಮ್ಮನಿರಬೇಕಲ್ಲ. "ಈ ನೀರು ಮಾವನ ಊರಿಗೆ ಹೋಗಲ್ಲ ಕಣವ್ವ" ಎಂದೆ. "ಎಲ್ಲಾ ಹೊಳೆ ಒಂದೇ ಅಲ್ವೇನೆ?" ಎಂದಳು. ಒಂದೇ ಅಲ್ಲ ಎಂದು ತೋರಿಸಲು ಒರತೆಯ ಅಂಚಿನ ಹಸಿ ಮರಳಿನ ಮೇಲೆ ಬೆರಳಿನಿಂದ ವೇದಾವತಿಯನ್ನು ಗೀಚಿದೆ. ಅಣೆಕಟ್ಟಿಗೆ ಒಂದು ಅಡ್ಡಗೆರೆ ಎಳೆದೆ. ಕೆಳಗಿನಿಂದ ಸುವರ್ಣಮುಖಿಯನ್ನು ತಂದು ಕೂಡಿಸಿದೆ. ನಮ್ಮ ನೀರು ಇಲ್ಲಿ ಸೇರಿ ಹೀಗೆ ಹೋಗುತ್ತದೆ, ಮೇಲಕ್ಕೆ ಹತ್ತುವುದಿಲ್ಲ ಎಂದೆ.

ಅವ್ವ ಬಗ್ಗಿ ಬಹಳ ಹೊತ್ತು ನೋಡಿದಳು. "ನಮ್ಮೂರು ಎಲ್ಲೈತೆ ಇದ್ರಾಗೆ?" ಎಂದಳು. ಅವಳ ಬಾಯಲ್ಲಿ ನಮ್ಮೂರು ಎಂದರೆ ತವರು. ಅಡ್ಡಗೆರೆಯ ಆಚೆ, ವೇದಾವತಿಯ ಮೇಲೆ ಒಂದು ಜಾಗ ಮುಟ್ಟಿ ತೋರಿಸಿದೆ. ಅವಳು ಕೈಯಲ್ಲಿದ್ದ ಚೊಂಬನ್ನು ಆ ಜಾಗದ ಮೇಲೇ ಇಟ್ಟಳು. ಅದು ಎಂದಿನಂತೆ ವಾಲಿಕೊಂಡು ಕೂತಿತು. "ಇಷ್ಟೇ ದೂರ ನೋಡು" ಎಂದಳು, ನನಗಲ್ಲ, ತನಗೇ ಹೇಳಿಕೊಳ್ಳುವಂತೆ.

ಕೊಡ ಹತ್ತಿರಕ್ಕೆ ತರೋಣವೆಂದು ಇಬ್ಬರೂ ಎದ್ದು ತಿರುಗಿದೆವು. ಹಿಂದೆ ಮೆತ್ತಗೆ ಸದ್ದಾಯಿತು. ನೋಡಿದರೆ ಒರತೆಯ ಆ ಪಕ್ಕ ಪೂರ್ತಿ ಕುಸಿದಿತ್ತು. ನಾನು ಗೀಚಿದ ನದಿಗಳೂ ಇಲ್ಲ, ಚೊಂಬೂ ಇಲ್ಲ. ಒರತೆ ಕುಸಿಯುವುದು ಹೊಸದೇನಲ್ಲ, ಬಗೆದರೆ ಸಿಕ್ಕುತ್ತದೆ ಎಂದುಕೊಂಡು ಕೈಯಿಂದಲೇ ಬಗೆದೆವು. ಸಿಕ್ಕಲಿಲ್ಲ. ಸೋಮವಾರ ನಮ್ಮಲ್ಲಿ ಎತ್ತು ಹೂಡುವುದಿಲ್ಲ, ಗಂಡಸರೆಲ್ಲ ಊರಲ್ಲೇ ಇದ್ದರು. ಊರಲ್ಲೇ ಮನೆ ನೋಡಿಕೊಂಡಿದ್ದ ನನ್ನ ಅಣ್ಣ, ಅಕ್ಕಪಕ್ಕದವರು ಸಲಿಕೆ ತಂದು ನೆತ್ತಿಯ ಮೇಲೆ ಬಿಸಿಲು ಬರುವವರೆಗೆ ಅಗೆದರು. ಕೆಳಗಿನ ಗಟ್ಟಿ ನೆಲ ಕಾಣಿಸಿಕೊಂಡಿತೇ ಹೊರತು ಚೊಂಬು ಕಾಣಲಿಲ್ಲ. ಅಪ್ಪ ಹೋದಾಗಲೂ ಬಾಯಿಗೆ ಸೆರಗು ಹಿಡಿದು ಕೂತಿದ್ದ ಅವ್ವ ಅಂದು ಮರಳಿನ ಮೇಲೆ ಕೂತು ಗಟ್ಟಿಯಾಗಿ ಅತ್ತಳು. ಅದೊಂದಿತ್ತು, ಅದೂ ಹೋಯ್ತು ಎಂದಳು.

ಆ ವಾರ ಕಳೆಯುವುದರೊಳಗೆ ಮಾವನ ಮಗ ನಮ್ಮ ಬಾಗಿಲಿಗೆ ಬಂದ. ಆದಿವಾಲದಲ್ಲಿ ಬಸ್ ಇಳಿದು ಬಿಸಿಲಲ್ಲೇ ನಡೆದು ಬಂದಿದ್ದ. ನೀರು ಕುಡಿದು, "ಅತ್ತೆ, ಅಪ್ಪ ಕರ್ಕಂಡು ಬಾ ಅಂದೈತೆ. ಚೊಂಬು ಕಳ್ಸಿದ ಮ್ಯಾಲೆ ನಾನು ಕರೀದಿದ್ರೆ ಹೆಂಗೆ ಅಂತೈತೆ" ಎಂದ. ಯಾವ ಚೊಂಬು ಎಂದು ಕೇಳಿದ್ದು ನಾನು. ಅವ್ವ ಕೇಳಲಿಲ್ಲ. ಒಳಗೆ ಹೋಗಿ ಸೀರೆ ಬದಲಾಯಿಸಿಕೊಂಡು ಬಂದು, "ಹೋಗಾಣ ನಡಿ" ಎಂದಳು.

ದಾರಿಯುದ್ದಕ್ಕೂ ನಾನು ಅವನನ್ನು ಬಿಡಲಿಲ್ಲ. ಅವನಿಗೆ ಗೊತ್ತಿದ್ದದ್ದು ಇಷ್ಟು. ಅದೇ ಸೋಮವಾರ, ಎತ್ತು ಹೂಡುವಂತಿಲ್ಲವಲ್ಲ ಎಂದು, ವೇದಾವತಿಯಲ್ಲಿದ್ದ ತಮ್ಮ ಮನೆಯ ಒರತೆಯನ್ನು ಆಳ ಮಾಡಲು ಹೋಗಿದ್ದ. ಬಿಸಿಲೇರುವ ಹೊತ್ತಿಗೆ ಸಲಿಕೆಗೆ ಚೊಂಬು ತಗಲಿತು. ಹೆಸರು ಓದಿ ಮಾವನ ಹತ್ತಿರ ಒಯ್ದ. ಯಾರ ಕೈಲಿ ಕಳಿಸಿದಳು ಎಂದು ಮಾವ ಕೇಳಿದಾಗ, ಹೊಳೆಯಲ್ಲಿ ಸಿಕ್ಕಿತು ಎಂದನಂತೆ. ಮಾವನಿಗೆ ಅಷ್ಟೇ ಸಾಕಾಗಿತ್ತು.

ಮಾವ ನಡುಮನೆಯಲ್ಲಿ ಕಂಬಳಿಯ ಮೇಲೆ ಮಲಗಿದ್ದ. ತಲೆಯ ಹತ್ತಿರ ಚೊಂಬು ಇತ್ತು. ಒಂದು ಪಕ್ಕಕ್ಕೆ ವಾಲಿಕೊಂಡಿತ್ತು. ಎತ್ತಿ ತಳ ಸವರಿ ನೋಡಿದೆ. ಬೆಸುಗೆ ಕೈಗೆ ಸಿಕ್ಕಿತು. ಕಂಠದ ಕೆಳಗಿನ ಹೆಸರನ್ನೂ ಬೆರಳಿಟ್ಟು ಓದಿದೆ, ಇದನ್ನು ಬಣ್ಣ ಹಚ್ಚಿ ಹೇಳುತ್ತಿಲ್ಲ.

"ಬಂದ್ಯಾ" ಎಂದ ಮಾವ.

"ಕರ್ದೆಯಲ್ಲ, ಬಂದೆ."

"ನಾನೆಲ್ಲಿ ಕರ್ದೆ? ನೀನೇ ಮುಂಚೆ ಚೊಂಬು ಕಳ್ಸಿದೆ."

ನಾನು ಬಾಯಿ ತೆರೆದೆ. ಇದು ಕಳಿಸಿದ್ದಲ್ಲ, ಕಳೆದದ್ದು ಎಂದು ಹೇಳುವವಳಿದ್ದೆ. ಅಷ್ಟರಲ್ಲಿ ಅವ್ವ ನನ್ನನ್ನು ದುರುಗುಟ್ಟಿ ನೋಡಿ ಮಾವನ ಕಡೆ ತಿರುಗಿದಳು. "ಹೂನಣ್ಣ, ಕಳ್ಸಿದೆ" ಎಂದಳು. ಮಾವ ಮಗನಿಗೆ ಸನ್ನೆ ಮಾಡಿದ. ಅವನು ಅಟ್ಟದ ಮೇಲಿನ ಪೆಟ್ಟಿಗೆಯಿಂದ ಒಂದು ಸೀರೆ ತಂದುಕೊಟ್ಟ. ನಮ್ಮಪ್ಪ ತೀರಿಕೊಂಡಾಗ ತಂದು, ವಾಪಸು ಒಯ್ದ ಅದೇ ಸೀರೆ. ಮಡಿಕೆಯ ಗೆರೆಗಳಲ್ಲಿ ಬಣ್ಣ ಹೋಗಿತ್ತು. ಮಾವ ಅದನ್ನು ಎರಡೂ ಕೈಯಲ್ಲಿ ಹಿಡಿದು ಕೊಡಲು ನೋಡಿದ, ಕೈ ಏಳಲಿಲ್ಲ. ಅವ್ವನೇ ಬಗ್ಗಿ ಮಡಿಲೊಡ್ಡಿದಳು. ಆಮೇಲೆ ಒರತೆಗೆ ಹೋಗಿ ನೀರು ತಂದು ಅದೇ ಚೊಂಬಿನಿಂದ ಅವನಿಗೆ ಕುಡಿಸಿದಳು. ಗುಟುಕು ಗುಟುಕಾಗಿ ಅವನು ಕುಡಿದ.

ಮಾವ ಆ ವರ್ಷದ ಮಳೆ ನೋಡಲಿಲ್ಲ. ಕೊನೆಯವರೆಗೂ ಅವ್ವ ಅವನ ಹತ್ತಿರವೇ ಇದ್ದಳು.

ನಾನು ಸುಮ್ಮನೆ ಕೂರಲಿಲ್ಲ. ಇಂಥದೇ ಚೊಂಬು ಇನ್ನೊಂದಿತ್ತೇ ಎಂದು ಮಾವನ ಹೆಂಡತಿಯನ್ನು ಕೇಳಿದೆ, ಮಾಡಿಸಿದ್ದು ಒಂದೇ ಎಂದರು. ಇದ್ದರೂ ಬೆಸುಗೆ ಎರಡಕ್ಕೂ ಒಂದೇ ಕಡೆ ಇರುವುದು ಹೇಗೆ? ಅವ್ವನೇ ಯಾರ ಕೈಲಾದರೂ ಕೊಟ್ಟು ಕಳಿಸಿದಳೇ ಎಂದರೆ, ಬೆಳಗ್ಗೆ ಅದು ನನ್ನ ಕಣ್ಣೆದುರೇ ಇತ್ತು. ನಾವು ಅಗೆದು ಬಿಟ್ಟು ಬಂದ ಮೇಲೆ ಯಾರೋ ತೆಗೆದು ಒಯ್ದರು ಎಂದರೆ, ಅಷ್ಟು ಹೊತ್ತಿಗೆ ಅದು ಮಾವನ ಮನೆಯ ಒರತೆಯಲ್ಲಿ ಸಿಕ್ಕಿಬಿಟ್ಟಿತ್ತು. ನೀರಿನ ದಾರಿ ಹಿಡಿದು ಹೋಗಬೇಕಾದರೆ ಕೂಡುವ ಜಾಗಕ್ಕೆ ಇಳಿದು, ಹಿರಿಯೂರಿಗೆ ಹಿಂತಿರುಗಿ, ಅಣೆಕಟ್ಟು ಹತ್ತಿ, ಅಷ್ಟು ದೊಡ್ಡ ಜಲಾಶಯ ದಾಟಬೇಕು. ಅದೂ ಹೊಳೆ ಒಣಗಿರುವಾಗ. ಇದನ್ನು ಯಾವ ಪಾಠದಲ್ಲಿ ಸೇರಿಸಲಿ?

ಮಾವನ ತಿಥಿ ಮುಗಿಸಿ ಊರಿಗೆ ವಾಪಸು ಬರುವಾಗ ಬಸ್ಸಿನಲ್ಲಿ ಅವ್ವ ಕಿಟಕಿಯ ಪಕ್ಕ, ತವರಿನ ಸೀರೆ ಉಟ್ಟುಕೊಂಡು, ಚೊಂಬನ್ನು ಮಡಿಲಲ್ಲಿ ಇಟ್ಟುಕೊಂಡು ಕೂತಿದ್ದಳು. ತಡೆಯಲಾರದೆ ಕೇಳಿಯೇಬಿಟ್ಟೆ. ಅವ್ವ, ನಿಜ ಹೇಳು, ಇದು ಅಲ್ಲಿಗೆ ಹೆಂಗೆ ಹೋಯ್ತು? ಅವಳು ತಮಾಷೆ ಮಾಡುತ್ತಿರಲಿಲ್ಲ. ಇಷ್ಟೂ ಗೊತ್ತಿಲ್ಲವೇ ಎನ್ನುವ ಹಾಗೆ ನನ್ನ ಮುಖ ನೋಡಿದಳು.

"ನೀನೇ ಅಲ್ವೇನೆ ದಾರಿ ಬರ್ದು ತೋರ್ಸಿದ್ದು?"

ಅವ್ವ ಹೋಗಿ ಎಷ್ಟೋ ಕಾಲವಾಯಿತು, ಚೊಂಬು ನನ್ನ ಮನೆಯಲ್ಲೇ ಇದೆ, ಇನ್ನೂ ವಾಲಿಕೊಂಡೇ ಕೂರುತ್ತದೆ.